ಅಳಿಸಿದ್ದು ಯಾವುದು? ಆಟದ ನೆನಪಿನ ಕಿರುಚರಿತ್ರೆ

ಕಳೆದ ವರ್ಷ ಅರ್ಧವಾರ್ಷಿಕ ಪರೀಕ್ಷೆಗೆ ಹದಿನೈದು ದಿನ ಇರುವಾಗ ನಮ್ಮ ಮನೆಯಲ್ಲಿ ಒಂದು ಸಣ್ಣ ಪ್ರಸಂಗ ನಡೆಯಿತು. ಮನೆಯ ಹಳೆಯ ಕಂಪ್ಯೂಟರಿನಲ್ಲಿ ನನ್ನ ಅಣ್ಣನ ಮಗ ಹಳೆಯ ವಿಡಿಯೋ ಗೇಮುಗಳನ್ನು ಆಡುವ ತಂತ್ರಾಂಶವೊಂದನ್ನು ಹಾಕಿಕೊಂಡಿದ್ದ. ಹತ್ತನೆಯ ತರಗತಿಯ ಹುಡುಗ. "ಪರೀಕ್ಷೆ ಮುಗಿಯುವ ತನಕ ಆಟ ಬೇಡ" ಎಂದು ನಾನು ಹೇಳಿದ್ದೆ. ಒಂದು ದಿನ ಸಂಶಯ ಬಂದು ಕೇಳಿದಾಗ ಅವನು ಆ ತಂತ್ರಾಂಶವನ್ನು ತೆರೆದು ಆಡಿದ ಆಟಗಳ ಪಟ್ಟಿಯನ್ನು ತೋರಿಸಿದ. ಪಟ್ಟಿ ಖಾಲಿ ಇತ್ತು. "ನೋಡ್ರಿ ಚಾಚಾ, ಏನೂ ಇಲ್ಲ" ಎಂದ.

ನಾನು ಮಾಸ್ತರನಲ್ಲವೇ, ಅಷ್ಟಕ್ಕೇ ಸುಮ್ಮನಾಗಲಿಲ್ಲ. ಒಳಗಿನ ಕಡತಗಳ ದಿನಾಂಕ ನೋಡಿದೆ. ಹಿಂದಿನ ರಾತ್ರಿ 12 ಗಂಟೆ 40 ನಿಮಿಷಕ್ಕೆ ಒಂದು ಆಟ ಉಳಿಸಿದ ಗುರುತು ಅಲ್ಲಿ ಸ್ಪಷ್ಟವಾಗಿತ್ತು. ಸಿಟ್ಟಿನ ಭರದಲ್ಲಿ, ಉಳಿಸಿದ ಆಟಗಳು ಇದ್ದ ಇಡೀ ಕೋಶವನ್ನೇ ಅಳಿಸಿದೆ. ಕಸದ ಬುಟ್ಟಿಯನ್ನೂ ಖಾಲಿ ಮಾಡಿದೆ. ಮರುದಿನ ಸಂಜೆ ಅವನ ತಂಗಿ, ಐದನೆಯ ತರಗತಿಯ ಹುಡುಗಿ, ಬಂದು ನನ್ನ ಮುಂದೆ ನಿಂತಳು. ಅವಳು ಅದೇ ಕಂಪ್ಯೂಟರಿನಲ್ಲಿ ರವಿವಾರ ರವಿವಾರ ಒಂದು ತಾಸು ಹಾರ್ವೆಸ್ಟ್ ಮೂನ್ ಎಂಬ ಒಕ್ಕಲುತನದ ಆಟ ಆಡುತ್ತಿದ್ದಳು. ಅದು ನನ್ನ ಒಪ್ಪಿಗೆಯಿಂದಲೇ. ಎರಡು ತಿಂಗಳಲ್ಲಿ ಹೊಲ ಹಸನು ಮಾಡಿ, ಬೆಳೆ ಬೆಳೆದು, ಒಂದು ಆಕಳು ಕೊಂಡು ಅದಕ್ಕೆ ಹೆಸರಿಟ್ಟಿದ್ದಳು. "ನನ್ನ ಆಕಳು ಎಲ್ಲಿ ಹೋತು ಚಾಚಾ?" ಎಂದು ಕೇಳಿದಳು. ನನ್ನಲ್ಲಿ ಉತ್ತರವಿರಲಿಲ್ಲ.

ಹುಡುಗ ಅಳಿಸಿದ್ದು ಆಡಿದ್ದರ ಪಟ್ಟಿಯನ್ನು. ನಾನು ಅಳಿಸಿದ್ದು ಮಕ್ಕಳ ದುಡಿಮೆಯನ್ನು. ಇವೆರಡೂ ಒಂದೇ ಎಂದು ನಾನು ತಿಳಿದಿದ್ದೆ. ಚರಿತ್ರೆಯನ್ನು ನೋಡಿದರೆ ಇವು ಬೇರೆ ಬೇರೆ ಕಾಲದಲ್ಲಿ, ಬೇರೆ ಬೇರೆ ಅಗತ್ಯಕ್ಕಾಗಿ ಹುಟ್ಟಿದವು. ಆ ಚರಿತ್ರೆಯನ್ನು ನಮ್ಮ ವಿದ್ಯಾರ್ಥಿಗಳ ಮತ್ತು ಪಾಲಕರ ಮುಂದೆ ಇಡುವುದೇ ಈ ಲೇಖನದ ಉದ್ದೇಶ.

ಕಲ್ಲಿನ ಮೇಲೆ ಉಳಿದದ್ದು

ನಮ್ಮ ಕೊಪ್ಪಳ ದಾಖಲೆಗಳ ನಾಡು. ಗವಿಮಠ ಮತ್ತು ಪಾಲ್ಕಿಗುಂಡು ಬಂಡೆಗಳ ಮೇಲಿನ ಅಶೋಕನ ಶಾಸನಗಳು 1931ರಲ್ಲಿ ಬೆಳಕಿಗೆ ಬಂದವು. ಎರಡು ಸಾವಿರದ ಇನ್ನೂರು ವರ್ಷಗಳಿಗೂ ಹೆಚ್ಚು ಕಾಲದ ಮಳೆ ಬಿಸಿಲನ್ನು ಅವು ತಡೆದುಕೊಂಡಿವೆ. ಅರಸನ ಮಾತು ಉಳಿಯಬೇಕೆಂದು ಕೆತ್ತಿಸಿದರು, ಉಳಿಯಿತು.

ಆಟದ ಮಾತು ಹಾಗಲ್ಲ. ಗಂಗಾವತಿ ತಾಲ್ಲೂಕಿನ ಆನೆಗೊಂದಿಯಿಂದ ತುಂಗಭದ್ರೆಯನ್ನು ದಾಟಿ ಹಂಪಿಗೆ ಹೋದವರು ಮಂಟಪಗಳ ನೆಲಹಾಸಿನಲ್ಲಿ, ಬಂಡೆಗಳ ಮೇಲೆ ಕೊರೆದ ಆಟದ ಮನೆಗಳನ್ನು ನೋಡಿರಬಹುದು. ಅಳಗುಳಿಯ ಕುಳಿಗಳು, ಹುಲಿ-ಕುರಿ ಆಟದ ಗೆರೆಗಳು, ಚೌಕದೊಳಗೆ ಚೌಕ ಬರೆದ ಮನೆಗಳು ಅಲ್ಲಿವೆ. ಜಾನ್ ಫ್ರಿಟ್ಜ್ ಮತ್ತು ಡೇವಿಡ್ ಗಿಬ್ಸನ್ ಎಂಬ ವಿದ್ವಾಂಸರು ಇವುಗಳನ್ನು ಅಭ್ಯಾಸ ಮಾಡಿ ಬರೆದ ಪ್ರಾಥಮಿಕ ವರದಿ 2007ರಲ್ಲಿ ಪ್ರಕಟವಾಗಿದೆ. ಆಟದ ಮನೆ ಕಲ್ಲಿನಲ್ಲಿ ಉಳಿದಿದೆ, ನಿಜ. ಆದರೆ ಅಲ್ಲಿ ಕುಳಿತು ಆಡಿದವರು ಯಾರು, ಗೆದ್ದವರು ಯಾರು, ಅರ್ಧಕ್ಕೆ ಎದ್ದು ಹೋದವರು ಯಾರು ಎಂಬುದಕ್ಕೆ ಒಂದು ಅಕ್ಷರವೂ ಇಲ್ಲ. ಆಡುವವರು ಹರಳುಗಳನ್ನು ಎತ್ತಿಕೊಂಡ ಕೂಡಲೇ ಆ ಆಟದ ದಾಖಲೆ ಅಳಿಸಿಹೋಯಿತು.

ನಮ್ಮ ಅಜ್ಜಿಯರ ಚೌಕಾಬಾರವೂ ಹಾಗೆಯೇ. ಸುಣ್ಣದ ಕಡ್ಡಿಯಿಂದ ಕಟ್ಟೆಯ ಮೇಲೆ ಮನೆ ಬರೆಯುತ್ತಿದ್ದರು, ಕವಡೆ ಇಲ್ಲದಿದ್ದರೆ ಹುಣಸೆ ಬೀಜ ಒಡೆದು ಹಾಕುತ್ತಿದ್ದರು. ಸಂಜೆ ಕಸ ಹೊಡೆದು ನೀರು ಹಾಕಿದರೆ ಮನೆಯೂ ಹೋಯಿತು, ಸೋಲು ಗೆಲುವೂ ಹೋಯಿತು. ಮರುದಿನ ಎಲ್ಲರೂ ಸಮಾನರು. ಉರ್ದು ಶಾಲೆಗಳ ತಖ್ತಿ, ಕನ್ನಡ ಶಾಲೆಗಳ ಪಾಟಿ ಕೂಡ ಇದೇ ತತ್ವದ ಮೇಲೆ ನಡೆದವು. ಬರೆದದ್ದನ್ನು ತೊಳೆದರೆ ಮಾತ್ರ ಹೊಸದನ್ನು ಬರೆಯಲು ಜಾಗ.

ಆಟವನ್ನು ಬರೆದಿಟ್ಟವರೂ ಇದ್ದರು. 9ನೆಯ ಶತಮಾನದ ಅಲ್-ಅದ್ಲಿ ಮತ್ತು 10ನೆಯ ಶತಮಾನದ ಬಗ್ದಾದಿನ ಅಬೂ ಬಕ್ರ್ ಅಸ್-ಸೂಲಿ ಶತರಂಜಿನ ಬಗ್ಗೆ ಗ್ರಂಥಗಳನ್ನೇ ಬರೆದರು. ಅಲ್-ಅದ್ಲಿಯ ಗ್ರಂಥ ಕಾಲದ ಹೊಡೆತಕ್ಕೆ ಸಿಕ್ಕು ಕಳೆದುಹೋಯಿತು. ಅಸ್-ಸೂಲಿ ಇಟ್ಟುಹೋದ ಒಂದು ಕಠಿಣ ಸಮಸ್ಯೆ ಮಾತ್ರ ಹಸ್ತಪ್ರತಿಗಳಲ್ಲಿ ಉಳಿದು, ಸುಮಾರು ಸಾವಿರ ವರ್ಷಗಳ ಮೇಲೆ ಸೋವಿಯತ್ ಗ್ರ್ಯಾಂಡ್ ಮಾಸ್ಟರ್ ಯೂರಿ ಅವರ್ಬಾಖ್ ಅವರ ಕೈಯಲ್ಲಿ ಬಿಡಿಸಲ್ಪಟ್ಟಿತು. ನಮ್ಮ ಕರ್ನಾಟಕದಲ್ಲಿ ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು (1794–1868) ತಮ್ಮ 'ಶ್ರೀತತ್ತ್ವನಿಧಿ'ಯ ಕೌತುಕನಿಧಿ ಎಂಬ ಭಾಗದಲ್ಲಿ ಆಟಗಳನ್ನು ದಾಖಲಿಸಿದರು. ಆಟವನ್ನು ಬರೆದಿಡಲು ಪಂಡಿತನೋ ಅರಸನೋ ಬೇಕಾಗಿದ್ದ ಕಾಲವದು. ಸಾಮಾನ್ಯನ ಆಟಕ್ಕೆ ನೆನಪಿರಲಿಲ್ಲ.

ಕರೆಂಟ್ ಹೋದರೆ ಎಲ್ಲವೂ ಹೋಯಿತು

ವಿದ್ಯುನ್ಮಾನ ಆಟಗಳು ಬಂದಾಗಲೂ ಮೊದಮೊದಲು ಇದೇ ಸ್ಥಿತಿ ಇತ್ತು. 1978ರಲ್ಲಿ ಜಪಾನಿನ ಟೈಟೊ ಕಂಪನಿಯ ಸ್ಪೇಸ್ ಇನ್ವೇಡರ್ಸ್ ಎಂಬ ಆಟದ ಯಂತ್ರ ಬಂದಿತು. ಅದುವರೆಗಿನ ಅತಿ ಹೆಚ್ಚಿನ ಅಂಕವನ್ನು ಅದು ಪರದೆಯ ಮೇಲೆ ತೋರಿಸುತ್ತಿತ್ತು. 1979ರಲ್ಲಿ ಅಮೆರಿಕದ ಅಟಾರಿ ಕಂಪನಿಯ ಆಸ್ಟರಾಯ್ಡ್ಸ್ ಆಟದಲ್ಲಿ ಹೆಚ್ಚು ಅಂಕ ಗಳಿಸಿದವನು ತನ್ನ ಹೆಸರಿನ ಮೂರು ಅಕ್ಷರಗಳನ್ನು ಬರೆಯಬಹುದಾಗಿತ್ತು. ಆದರೆ ಅಂಗಡಿಯವನು ರಾತ್ರಿ ಸ್ವಿಚ್ ಆರಿಸಿದರೆ ಬೆಳಿಗ್ಗೆ ಆ ಹೆಸರು ಇರುತ್ತಿರಲಿಲ್ಲ. 1981ರ ಆಸ್ಟರಾಯ್ಡ್ಸ್ ಡಿಲಕ್ಸ್ ಯಂತ್ರದಲ್ಲಿ ವಿದ್ಯುತ್ ಹೋದರೂ ಅಂಕ ನೆನಪಿಡುವ ವಿಶೇಷ ಚಿಪ್ ಅಳವಡಿಸಿದರು. ಆಟದ ಯಂತ್ರ ನಿದ್ದೆ ಮಾಡಿಯೂ ಮರೆಯದಿರುವುದನ್ನು ಕಲಿತದ್ದು ಆ ದಿನಗಳಲ್ಲಿ.

ಜಪಾನಿನ ನಿಂಟೆಂಡೊ ಕಂಪನಿ 1983ರ ಜುಲೈ 15ರಂದು ಫ್ಯಾಮಿಲಿ ಕಂಪ್ಯೂಟರ್ ಎಂಬ ಮನೆ ಆಟದ ಯಂತ್ರವನ್ನು ಬಿಡುಗಡೆ ಮಾಡಿತು. ಅದರ ಅಗ್ಗದ ನಕಲುಗಳೇ ನಮ್ಮ ಕಡೆ 'ಟಿ.ವಿ. ಗೇಮ್' ಎಂಬ ಹೆಸರಿನಲ್ಲಿ ಮನೆಮನೆಗೆ ಬಂದವು. ನಾನು ಚಿಕ್ಕವನಿದ್ದಾಗ ಬೇಸಿಗೆ ರಜೆಗೆ ಯಲಬುರ್ಗಾದ ನಾನಿಯ ಮನೆಗೆ ಹೋದರೆ ಮಾಮೂನ ಟಿ.ವಿ. ಗೇಮ್ ಸುತ್ತ ಏಳೆಂಟು ಮಕ್ಕಳು ಮುತ್ತಿಕೊಳ್ಳುತ್ತಿದ್ದೆವು. ಮಾರಿಯೊ, ಕಾಂಟ್ರಾ ನಮ್ಮ ಆಟಗಳು. ಏಳನೆಯ ಹಂತ ಮುಟ್ಟಿದಾಗ ಕರೆಂಟ್ ಹೋದರೆ ಮುಗಿಯಿತು, ಮತ್ತೆ ಮೊದಲನೆಯ ಹಂತ. ಲೋಡ್ ಶೆಡ್ಡಿಂಗ್ ಎಂಬುದು ನಮ್ಮ ಪಾಲಿಗೆ ಅಳಿಸುವ ರಬ್ಬರ್ ಆಗಿತ್ತು. ಯಾರು ಎಷ್ಟು ಆಡಿದರು ಎಂಬ ಪಟ್ಟಿಯನ್ನು ಯಂತ್ರ ಇಡುತ್ತಿರಲಿಲ್ಲ. ಆ ಪಟ್ಟಿ ನಾನಿಯ ತಲೆಯಲ್ಲಿ ಇರುತ್ತಿತ್ತು, ಅದನ್ನು ಅಳಿಸುವ ಧೈರ್ಯ ಯಾರಿಗೂ ಇರಲಿಲ್ಲ.

ಉಳಿಸುವ ಕಲೆ ಬಂದ ಬಗೆ

ದೊಡ್ಡ ಆಟಗಳನ್ನು ಒಂದೇ ಕೂತಿನಲ್ಲಿ ಮುಗಿಸಲಾಗದು. ಆದ್ದರಿಂದ ಆಟವನ್ನು ಅರ್ಧಕ್ಕೆ ನಿಲ್ಲಿಸಿ ಮುಂದುವರಿಸುವ ಉಪಾಯ ಬೇಕಾಯಿತು. ಮೊದಲ ಉಪಾಯ ಗುಪ್ತಪದ. 1986ರಲ್ಲಿ ಜಪಾನಿನಲ್ಲಿ ಬಂದ ಡ್ರ್ಯಾಗನ್ ಕ್ವೆಸ್ಟ್ ಎಂಬ ಆಟ ನಿಲ್ಲಿಸುವಾಗ 20 ಅಕ್ಷರಗಳ ಒಂದು ಸಾಲನ್ನು ಕೊಡುತ್ತಿತ್ತು. ಅದನ್ನು ನೋಟುಬುಕ್ಕಿನಲ್ಲಿ ಬರೆದುಕೊಂಡು ಮರುದಿನ ಹಾಗೆಯೇ ತುಂಬಬೇಕು. ಒಂದು ಅಕ್ಷರ ತಪ್ಪಿದರೂ ಹಿಂದಿನ ಆಟ ದಕ್ಕುತ್ತಿರಲಿಲ್ಲ. ಇಲ್ಲಿ ನೆನಪು ಇದ್ದದ್ದು ಮಗುವಿನ ನೋಟುಬುಕ್ಕಿನಲ್ಲಿ, ಯಂತ್ರದಲ್ಲಲ್ಲ.

ಎರಡನೆಯ ಉಪಾಯ ಬ್ಯಾಟರಿ. ದಿ ಲೆಜೆಂಡ್ ಆಫ್ ಜೆಲ್ಡಾ ಎಂಬ ಆಟ 1986ರಲ್ಲಿ ಜಪಾನಿನಲ್ಲಿ ಡಿಸ್ಕಿನ ಮೇಲೆ ಬಂದಿತು. 1987ರಲ್ಲಿ ಅಮೆರಿಕಕ್ಕೆ ಬಂದಾಗ ಅದರ ಕ್ಯಾಸೆಟ್ಟಿನೊಳಗೆ ನಾಣ್ಯದಂಥ ಒಂದು ಸಣ್ಣ ಬ್ಯಾಟರಿ ಇತ್ತು. ಯಂತ್ರ ಆರಿದ ಮೇಲೂ ಆ ಬ್ಯಾಟರಿ ಪುಟ್ಟ ಚಿಪ್ಪಿಗೆ ಜೀವ ಕೊಟ್ಟು ಆಟವನ್ನು ಕಾಯುತ್ತಿತ್ತು. ಒಂದೇ ಕ್ಯಾಸೆಟ್ಟಿನಲ್ಲಿ ಮೂವರು ಬೇರೆ ಬೇರೆ ಹೆಸರಿನಿಂದ ಆಟ ಉಳಿಸಬಹುದಿತ್ತು. ಅಳಿಸುವುದಕ್ಕೂ ಅಲ್ಲಿಯೇ ಪ್ರತ್ಯೇಕ ವ್ಯವಸ್ಥೆ ಇತ್ತು. ಯಾರ ಹೆಸರು ಅಳಿಸಬೇಕೋ ಆ ಹೆಸರನ್ನು ಆರಿಸಬೇಕು, ಉಳಿದವರ ಆಟ ಹಾಗೆಯೇ ಇರುತ್ತದೆ. ಒಂದೇ ಮನೆಯ ಅಣ್ಣ ತಂಗಿಯರ ನಡುವಿನ ನ್ಯಾಯವನ್ನು ಆ ಆಟ ಮಾಡಿದವರು ಅಂದೇ ಯೋಚಿಸಿದ್ದರು. ನಾನು ಅಷ್ಟೂ ಯೋಚಿಸದೆ ಇಡೀ ಕೋಶಕ್ಕೆ ಕೈ ಹಾಕಿದೆ.

1994ರ ಡಿಸೆಂಬರಿನಲ್ಲಿ ಬಂದ ಸೋನಿಯ ಪ್ಲೇಸ್ಟೇಷನ್ ಮೂರನೆಯ ಉಪಾಯ ತಂದಿತು. ಆಟ ಒಂದು ಕಡೆ, ನೆನಪು ಇನ್ನೊಂದು ಕಡೆ. 128 ಕಿಲೋಬೈಟಿನ ಮೆಮೊರಿ ಕಾರ್ಡಿನಲ್ಲಿ 15 ಖಾನೆಗಳು. ಅವು ತುಂಬಿದ ಮೇಲೆ ಹೊಸದು ಉಳಿಸಬೇಕಾದರೆ ಹಳೆಯದೊಂದನ್ನು ಅಳಿಸಲೇಬೇಕು. ಯಾವುದನ್ನು ಅಳಿಸುವುದು, ಯಾರದನ್ನು ಅಳಿಸುವುದು ಎಂಬ ಮಾತು ಮಕ್ಕಳ ನಡುವೆ ಬಂದದ್ದು ಹೀಗೆ. 1996ರಲ್ಲಿ ಜಪಾನಿನಲ್ಲಿ ಬಂದ ಪೋಕೆಮಾನ್ ಆಟದಲ್ಲಿ ಉಳಿಸಿದ್ದನ್ನೆಲ್ಲ ಅಳಿಸಲು ಮೂರು ಗುಂಡಿಗಳನ್ನು ಒಟ್ಟಿಗೆ ಒತ್ತಬೇಕಿತ್ತು, ಆಮೇಲೂ ಯಂತ್ರ "ಅಳಿಸಲೇ?" ಎಂದು ಮತ್ತೊಮ್ಮೆ ಕೇಳುತ್ತಿತ್ತು. ಕೈತಪ್ಪಿನಿಂದ ಮಗುವಿನ ಶ್ರಮ ಹಾಳಾಗಬಾರದೆಂಬ ಎಚ್ಚರಿಕೆ ಅದು.

ಈ ಎಲ್ಲ ಉಪಾಯಗಳಲ್ಲಿ ಒಂದು ಅಂಶವನ್ನು ಗಮನಿಸಿ. ಉಳಿಸುತ್ತಿದ್ದದ್ದು ಆಟಗಾರನ ಶ್ರಮವನ್ನು, ಅದೂ ಅವನ ಇಚ್ಛೆಯಿಂದ. ಯಂತ್ರ ತಾನಾಗಿ ಆಟಗಾರನ ಮೇಲೆ ಕಣ್ಣಿಟ್ಟು ಲೆಕ್ಕ ಬರೆಯುವ ರೂಢಿ ಇನ್ನೂ ಬಂದಿರಲಿಲ್ಲ.

ಹಳೆಯ ಆಟ, ಹೊಸ ಲೆಕ್ಕ

ರಾಯಚೂರಿನಿಂದ ಬೇರ್ಪಟ್ಟು ನಮ್ಮ ಕೊಪ್ಪಳ ಜಿಲ್ಲೆ ಹುಟ್ಟಿದ್ದು 1997ರಲ್ಲಿ. ಅದೇ ವರ್ಷದ ಫೆಬ್ರವರಿಯಲ್ಲಿ ಇಟಲಿಯ ನಿಕೋಲಾ ಸಾಲ್ಮೋರಿಯಾ ಅವರು ಮೇಮ್ ಎಂಬ ತಂತ್ರಾಂಶವನ್ನು ಹೊರತಂದರು. ಇಂಥ ತಂತ್ರಾಂಶಕ್ಕೆ ಎಮ್ಯುಲೇಟರ್ ಎನ್ನುತ್ತಾರೆ. ಬಹುರೂಪಿ ಬೇರೆಯವರ ವೇಷ ಕಟ್ಟಿದಂತೆ ಇದು ಇಂದಿನ ಕಂಪ್ಯೂಟರಿನಲ್ಲಿ ಹಳೆಯ ಆಟದ ಯಂತ್ರದ ವೇಷ ಕಟ್ಟುತ್ತದೆ. ಹಳೆಯ ಯಂತ್ರಗಳು ಕೆಟ್ಟು ಮೂಲೆ ಸೇರಿದರೂ ಅವುಗಳ ಆಟ ನಾಶವಾಗದಂತೆ ಕಾಪಾಡುವುದು ಮೇಮ್‌ನ ಉದ್ದೇಶ. 2010ರ ಸುಮಾರಿಗೆ ಬೇರೆ ಹೆಸರಿನಲ್ಲಿ ಆರಂಭವಾಗಿ 2012ರಲ್ಲಿ ರೆಟ್ರೋಆರ್ಚ್ ಎಂಬ ಹೆಸರು ಪಡೆದ ತಂತ್ರಾಂಶವು ಹಲವಾರು ಯಂತ್ರಗಳ ವೇಷವನ್ನು ಒಂದೇ ಕಡೆ ಒದಗಿಸಿತು. ನಮ್ಮ ಮನೆಯಲ್ಲಿ ಇದ್ದದ್ದೂ ಇಂಥದ್ದೇ. ತಂತ್ರಾಂಶ ಉಚಿತವಾದರೂ ಆಟಗಳ ಹಕ್ಕು ಅವುಗಳ ಒಡೆಯರದ್ದೇ ಎಂಬುದನ್ನು ಇಲ್ಲಿ ಹೇಳಿಬಿಡಬೇಕು.

ಇಲ್ಲಿಗೆ ಬಂದಾಗ ಆಟದ ನೆನಪು ಹಲವು ಕವಲಾಯಿತು. ರೆಟ್ರೋಆರ್ಚ್‌ನ ಉದಾಹರಣೆಯನ್ನೇ ನೋಡೋಣ.

ಮೊದಲನೆಯದು, ಹಳೆಯ ಬ್ಯಾಟರಿಯ ಜಾಗದಲ್ಲಿ ಬಂದ ಉಳಿಸಿದ ಆಟದ ಕಡತ. ಆಟದೊಳಗಿನ 'ಉಳಿಸು' ಎಂಬುದನ್ನು ಒತ್ತಿದರೆ ಬರೆಯಲ್ಪಡುವುದು ಇದೇ. ಎರಡನೆಯದು, ಆಟದ ಯಾವುದೇ ಕ್ಷಣವನ್ನು ಭಾವಚಿತ್ರ ತೆಗೆದಂತೆ ಹಿಡಿದಿಡುವ ಸೇವ್ ಸ್ಟೇಟ್ ಎಂಬ ಕಡತ. ಹಳೆಯ ಯಂತ್ರಗಳಲ್ಲಿ ಇಂಥದ್ದು ಇರಲಿಲ್ಲ. ಮೂರನೆಯದು, ಇತ್ತೀಚೆಗೆ ತೆರೆದ ಆಟಗಳ ಪಟ್ಟಿ. ಇದನ್ನೇ ಹಿಸ್ಟರಿ ಎನ್ನುತ್ತಾರೆ. ನಾಲ್ಕನೆಯದು, ಯಾವ ಆಟವನ್ನು ಒಟ್ಟು ಎಷ್ಟು ಹೊತ್ತು ಆಡಲಾಯಿತು, ಕೊನೆಯ ಸಲ ಯಾವಾಗ ಆಡಲಾಯಿತು ಎಂಬ ಸಮಯದ ಲೆಕ್ಕ. ಮೊದಲೆರಡು ಆಟಗಾರನ ದುಡಿಮೆ. ಕೊನೆಯ ಎರಡು ಯಂತ್ರ ಬರೆದ ಹಾಜರಿ ಪುಸ್ತಕ.

ಇವು ಬೇರೆ ಬೇರೆ ಕಡತಗಳು. ಹಿಸ್ಟರಿ ಪಟ್ಟಿಯನ್ನು ಅಳಿಸಿದರೆ ಉಳಿಸಿದ ಆಟಕ್ಕೆ ಏನೂ ಆಗುವುದಿಲ್ಲ, ಸಮಯದ ಲೆಕ್ಕವೂ ತಾನಾಗಿ ಹೋಗುವುದಿಲ್ಲ. ನಮ್ಮ ಹುಡುಗ ಸಿಕ್ಕಿಬಿದ್ದದ್ದು ಇಲ್ಲಿಯೇ. ಮೇಮ್‌ನಲ್ಲಿ ಕೂಡ ಯಂತ್ರದ ನೆನಪಿಗೆ ಒಂದು ಕೋಶ, ಉಳಿಸಿದ ಕ್ಷಣಗಳಿಗೆ ಒಂದು ಕೋಶ, ಹೊಂದಾಣಿಕೆಗಳಿಗೆ ಮತ್ತೊಂದು ಕೋಶ ಇರುತ್ತವೆ.

ಅಳಿಸುವಾಗ ಇನ್ನೂ ಒಂದೆರಡು ಸೂಕ್ಷ್ಮಗಳಿವೆ. ಆಟ ನಡೆಯುತ್ತಿರುವಾಗಲೇ ಉಳಿಸಿದ ಕಡತವನ್ನು ಅಳಿಸಿದರೆ, ಆಟ ಮುಚ್ಚುವಾಗ ತಂತ್ರಾಂಶ ಅದನ್ನು ಮತ್ತೆ ಬರೆದುಬಿಡಬಹುದು. ಆದ್ದರಿಂದ ಮೊದಲು ತಂತ್ರಾಂಶವನ್ನು ಪೂರ್ತಿ ಮುಚ್ಚಬೇಕು. ಹಳೆಯ ಸೇವ್ ಸ್ಟೇಟ್ ಒಂದನ್ನು ತೆರೆದರೆ ಅದು ಹೊಸದಾಗಿ ಉಳಿಸಿದ ಆಟದ ಮೇಲೆಯೇ ಹಳೆಯದನ್ನು ಬರೆಯುವ ಸಂಭವವೂ ಉಂಟು. ಎಷ್ಟೋ ಮಕ್ಕಳು ಏನನ್ನೂ ಅಳಿಸದೆಯೇ ಆಟ ಕಳೆದುಕೊಳ್ಳುವುದು ಹೀಗೆ. ಕ್ಲೌಡ್‌ನಲ್ಲಿ ಪ್ರತಿ ಇಟ್ಟಿದ್ದರೆ ಇಲ್ಲಿ ಅಳಿಸಿದ್ದು ಅಲ್ಲಿಂದ ಮರಳಿ ಬರಬಹುದು. ಎಲ್ಲಕ್ಕಿಂತ ಮುಖ್ಯವಾಗಿ, ಅಳಿಸುವ ಮೊದಲು ಉಳಿಸಿದ ಆಟಗಳ ಕೋಶದ ಒಂದು ಪ್ರತಿಯನ್ನು ಪೆನ್ ಡ್ರೈವಿನಲ್ಲಿ ಇಟ್ಟುಕೊಳ್ಳಬೇಕು. ಅವು ತೀರ ಸಣ್ಣ ಕಡತಗಳು. ನಾನು ಎರಡು ನಿಮಿಷದ ಈ ಕೆಲಸ ಮಾಡಿದ್ದರೆ ಆ ಆಕಳು ಇಂದಿಗೂ ಇರುತ್ತಿತ್ತು.

ಯಾವಾಗ ಅಳಿಸಬೇಕು, ಯಾವಾಗ ಬಾರದು

ಹಾಗಾದರೆ ಆಡಿದ ಪಟ್ಟಿಯನ್ನು ಅಳಿಸುವುದೇ ತಪ್ಪೇ? ಖಂಡಿತ ಅಲ್ಲ. ನಮ್ಮಲ್ಲಿ ಬಹುತೇಕ ಮನೆಗಳಲ್ಲಿ ಒಂದು ಫೋನು ಅಥವಾ ಒಂದು ಕಂಪ್ಯೂಟರ್ ಇಡೀ ಕುಟುಂಬಕ್ಕೆ. ಹಳೆಯ ಫೋನು ಮಾರುವಾಗ, ಸಂಬಂಧಿಕರಿಗೆ ಕೊಡುವಾಗ, ಶಾಲೆಯ ಕಂಪ್ಯೂಟರಿನಲ್ಲಿ ಕೆಲಸ ಮುಗಿಸಿ ಏಳುವಾಗ ನಮ್ಮ ಗುರುತುಗಳನ್ನು ತೆಗೆಯುವುದು ಒಳ್ಳೆಯ ರೂಢಿ. ಯಾರು ಯಾವ ಹೊತ್ತಿಗೆ ಏನು ಆಡಿದರು ಎಂಬುದು ಬೇರೆಯವರಿಗೆ ಬೇಕಿಲ್ಲದ ವಿಷಯ. ಭಾರತದ ಸಂಸತ್ತು 2023ರಲ್ಲಿ ಅಂಗೀಕರಿಸಿದ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯಿದೆಯಲ್ಲಿ ತನ್ನ ಮಾಹಿತಿಯನ್ನು ಅಳಿಸುವಂತೆ ಕೇಳುವ ಹಕ್ಕನ್ನು ವ್ಯಕ್ತಿಗೆ ಕೊಡಲಾಗಿದೆ. ಅಳಿಸುವುದಕ್ಕೂ ಒಂದು ಮರ್ಯಾದೆ ಇದೆ ಎಂಬುದನ್ನು ಕಾನೂನು ಒಪ್ಪಿದೆ.

ಅಳಿಸಬಾರದ ದಾಖಲೆಗಳೂ ಇವೆ. 2000ದ ದಶಕದಲ್ಲಿ ನಮ್ಮ ಪಟ್ಟಣಗಳ ಹುಡುಗರು ಕಂಪ್ಯೂಟರ್ ಆಟ ಕಂಡದ್ದು ಹೆಚ್ಚಾಗಿ ಸೈಬರ್ ಕೆಫೆಗಳಲ್ಲಿ. ಕೇಂದ್ರ ಸರ್ಕಾರದ 2011ರ ಸೈಬರ್ ಕೆಫೆ ನಿಯಮಗಳು ಬಂದವರ ವಿವರವನ್ನೂ ನೋಡಿದ ಜಾಲತಾಣಗಳ ದಾಖಲೆಯನ್ನೂ ಕನಿಷ್ಠ ಒಂದು ವರ್ಷ ಇಡಬೇಕೆಂದು ಹೇಳಿದವು. ಮನೆಯಲ್ಲಿ ಅಳಿಸಬಹುದಾದ ಪಟ್ಟಿ ಅಲ್ಲಿ ಅಳಿಸುವಂತಿರಲಿಲ್ಲ. ದಾಖಲೆ ಯಾರದು, ಯಾರಿಗಾಗಿ ಇದೆ ಎಂಬುದರ ಮೇಲೆ ಅಳಿಸುವ ಹಕ್ಕು ನಿಂತಿದೆ.

ವಿದ್ಯಾರ್ಥಿ ಮಿತ್ರರೇ, ತಪ್ಪನ್ನು ಮುಚ್ಚಿಡಲು ಪಟ್ಟಿಯನ್ನು ಅಳಿಸಿದರೆ ಅಳಿಯುವುದು ಪಟ್ಟಿ ಮಾತ್ರ. ರಾತ್ರಿ ಕಳೆದ ಆ ಎರಡು ತಾಸು ಮರಳಿ ಬರುವುದಿಲ್ಲ, ಬೆಳಿಗ್ಗೆ ತರಗತಿಯಲ್ಲಿ ತೂಕಡಿಸುವ ಕಣ್ಣು ಹೇಳುವ ಸಾಕ್ಷಿಯನ್ನು ಯಾವ ಗುಂಡಿಯೂ ಅಳಿಸದು. ಪಾಲಕರಿಗೂ ನನ್ನಂಥ ಶಿಕ್ಷಕರಿಗೂ ಇದಕ್ಕಿಂತ ಕಠಿಣವಾದ ಮಾತು ಹೇಳಬೇಕಾಗಿದೆ. ಮಗು ತಪ್ಪು ಮಾಡಿದಾಗ ಅದರ ದುಡಿಮೆಯನ್ನು ನಾಶ ಮಾಡುವುದು ಶಿಕ್ಷೆಯಲ್ಲ. ಸಿಟ್ಟಿನಲ್ಲಿ ನೋಟುಬುಕ್ಕು ಹರಿಯುವ ಮಾಸ್ತರನನ್ನು ನಾವು ಒಪ್ಪುವುದಿಲ್ಲ. ನಾನು ಮಾಡಿದ್ದು ಅದನ್ನೇ, ಅದೂ ತಪ್ಪು ಮಾಡದ ಮಗುವಿನ ನೋಟುಬುಕ್ಕನ್ನು.

ಆ ಸಂಜೆ ನಾನು ಹುಡುಗಿಯ ಬಳಿ ಕ್ಷಮೆ ಕೇಳಿದೆ. ಅವಳಣ್ಣ ತಾನು ಸುಳ್ಳು ಹೇಳಿದ್ದನ್ನು ಒಪ್ಪಿಕೊಂಡ. ಪರೀಕ್ಷೆ ಮುಗಿದ ಮೇಲೆ ಅವನೇ ತಂಗಿಯ ಪಕ್ಕದಲ್ಲಿ ಕುಳಿತು ಹೊಸ ಹೊಲಕ್ಕೆ ಬೀಜ ಹಾಕಿಸಿದ. ಈಗ ನಮ್ಮ ಮನೆಯಲ್ಲಿ ಇಬ್ಬರಿಗೂ ಬೇರೆ ಬೇರೆ ಕೋಶಗಳಿವೆ, ತಿಂಗಳಿಗೊಮ್ಮೆ ಪ್ರತಿ ತೆಗೆಯುತ್ತೇವೆ, ಮತ್ತು ಒಬ್ಬರದನ್ನು ಇನ್ನೊಬ್ಬರು ಕೇಳದೆ ಅಳಿಸುವುದಿಲ್ಲ. ಆ ನಿಯಮ ನನಗೂ ಅನ್ವಯಿಸುತ್ತದೆ. ಸಮಯದ ಲೆಕ್ಕವನ್ನು ಅಳಿಸದೆ ರವಿವಾರ ಮೂವರೂ ಕೂಡಿ ನೋಡುತ್ತೇವೆ. ಹುಡುಗಿ ಹೊಸ ಆಕಳಿಗೆ ಹಳೆಯ ಹೆಸರನ್ನು ಇಡಲಿಲ್ಲ. ಕೇಳಿದರೆ, "ಅದು ಬೇರೆ ಆಕಳು ಚಾಚಾ" ಎಂದಳು.